ಗೋಪುರ ಬೀಳೋದು ಮೇಲಿಂದಲ್ಲ, ತಳದಿಂದ: ಬ್ಲಾಕ್ ಪೇರಿಸೋ ಗೇಮ್‌ನಲ್ಲಿ ಗೆಲ್ಲೋ ಲೆಕ್ಕ

ಇಯರ್‌ಫೋನ್ ಹಾಕ್ಕೊಂಡ್ರಾ? ಚಿಕ್ಕಬಳ್ಳಾಪುರದಿಂದ ಮಾತಾಡ್ತಾ ಇದ್ದೀನಿ. ಕೇಳೋಕೆ ಟೈಮ್ ಇಲ್ಲದವರು ಈ ಬರಹ ಓದ್ಕೊಳ್ಳಿ, ಎಪಿಸೋಡ್‌ನಲ್ಲಿ ಹೇಳಿದ್ದೆಲ್ಲ ಇಲ್ಲೂ ಇದೆ.

ಚಿಂತಾಮಣಿಯಿಂದ ಚಿಕ್ಕಬಳ್ಳಾಪುರಕ್ಕೆ ಬರೋ ಬೆಳಗಿನ ಬಸ್ಸಲ್ಲಿ ಒಂದು ಸಲ ಸುಮ್ನೆ ಸುತ್ತ ನೋಡಿ. ಹತ್ತು ಜನ ಹುಡುಗರು ಫೋನ್ ಹಿಡಿದಿದ್ರೆ ಒಬ್ಬರಾದ್ರೂ ಬ್ಲಾಕ್ ಮೇಲೆ ಬ್ಲಾಕ್ ಇಡೋ ಗೇಮ್ ಆಡ್ತಿರ್ತಾರೆ. ನಾನೂ ಅವರಲ್ಲೊಬ್ಬ. ತುಂಬ ದಿನ ನನ್ನ ಗೋಪುರ ಹದಿನಾಲ್ಕನೇ ಮಹಡಿ ದಾಟಿರಲಿಲ್ಲ.

ಒಂದಿನ ಪಕ್ಕದಲ್ಲಿ ನಮ್ಮ ಸೋದರಮಾವ ಕೂತಿದ್ರು. ಅವರು ಚಿಂತಾಮಣಿಯ ಟಮೋಟ ಮಂಡಿಯಲ್ಲಿ ಲೋಡಿಂಗ್ ಕೆಲಸ ಮಾಡೋರು. ಸ್ಮಾರ್ಟ್‌ಫೋನ್ ಗೇಮ್ ಒಂದನ್ನೂ ಮುಟ್ಟಿದವರಲ್ಲ. ನನ್ನ ಸ್ಕ್ರೀನ್ ಐದು ನಿಮಿಷ ನೋಡಿ ಹೇಳಿದ್ರು: "ಲೋ, ಕೆಳಗೆ ಸೊಟ್ಟ ಇಟ್ಬಿಟ್ಟು ಮೇಲೆ ನೆಟ್ಟಗೆ ಮಾಡೋಕೆ ಹೋಗ್ತೀಯಲ್ಲೋ. ಮೊದಲನೇ ಬಾಕ್ಸ್ ಎಲ್ಲಿದೆ ನೋಡ್ಕೊಂಡು ಇಡು." ಅವತ್ತು ಸಂಜೆಗೆ ನಾನು ಮೂವತ್ತೊಂದು ಮಹಡಿ ಕಟ್ಟಿದೆ.

ಅವರು ಹೇಳಿದ್ದು ಯಾಕೆ ಕೆಲಸ ಮಾಡ್ತು ಅಂತ ಹುಡುಕ್ತಾ ಹೋದೆ. ನಾನು ಓದಿದ್ದು ಬಿ.ಕಾಂ., ಭೌತಶಾಸ್ತ್ರ ಬಿಟ್ಟಿದ್ದು ಎಸ್ಸೆಸ್ಸೆಲ್ಸಿಗೇ. ಆದ್ರೂ ಅರ್ಥ ಆಯ್ತು. ಅಂದ್ರೆ ನಿಮಗೂ ಆಗತ್ತೆ.

ಮೊದಲು ನಿಮ್ಮ ಗೇಮ್ ಯಾವ ಜಾತಿ ಅಂತ ನೋಡಿ

ಎಲ್ಲ ಗೇಮ್‌ಗೂ ಒಂದೇ ಟಿಪ್ಸ್ ಹೇಳೋ ವಿಡಿಯೋಗಳನ್ನ ನಂಬಬೇಡಿ. ಇವುಗಳಲ್ಲಿ ಮುಖ್ಯವಾಗಿ ಮೂರು ಥರ ಇವೆ.

ಒಂದು, ಕತ್ತರಿಸೋ ಥರ. 2016ರಲ್ಲಿ ಕೆಚಾಪ್ ಕಂಪನಿ ತಂದ 'ಸ್ಟ್ಯಾಕ್' ಇದಕ್ಕೆ ಉದಾಹರಣೆ. ಬ್ಲಾಕ್ ಪಕ್ಕದಿಂದ ಜಾರಿಕೊಂಡು ಬರತ್ತೆ, ಹೊರಗೆ ಚಾಚಿದ ಭಾಗ ಕಟ್ ಆಗಿ ಬೀಳತ್ತೆ. ಇಲ್ಲಿ ಗೋಪುರ ವಾಲೋದೇ ಇಲ್ಲ, ಬರೀ ಸಣ್ಣಗಾಗ್ತಾ ಹೋಗತ್ತೆ.

ಎರಡು, ಕ್ರೇನ್ ಥರ. 2005ರಲ್ಲಿ ಡಿಜಿಟಲ್ ಚಾಕೊಲೇಟ್ ಕಂಪನಿ ಬಟನ್ ಫೋನ್‌ಗಳಿಗೆ ತಂದ 'ಟವರ್ ಬ್ಲಾಕ್ಸ್' ನಮ್ಮ ಅಣ್ಣಂದಿರ ಕಾಲದ್ದು. ಕೊಕ್ಕೆಗೆ ನೇತಾಡೋ ಮನೆಯನ್ನ ಸರಿಯಾದ ಹೊತ್ತಿಗೆ ಬಿಡಬೇಕು.

ಮೂರು, ಪೂರ್ತಿ ಭೌತಶಾಸ್ತ್ರದ ಥರ. ಬ್ಲಾಕ್‌ಗೆ ತೂಕ ಇದೆ, ಘರ್ಷಣೆ ಇದೆ, ಜಾರತ್ತೆ, ವಾಲತ್ತೆ. 2016ರ 'ಟ್ರಿಕಿ ಟವರ್ಸ್' ಹೀಗೇ. ಇದರಲ್ಲೇ ಮಾವನ ಮಾತು ಅಕ್ಷರಶಃ ನಿಜ.

ಗೋಪುರ ಯಾಕೆ ಬೀಳತ್ತೆ?

ಪ್ರತಿ ವಸ್ತುವಿಗೂ ಒಂದು ಗುರುತ್ವ ಕೇಂದ್ರ ಇರುತ್ತದೆ. ಇಡೀ ತೂಕ ಅಲ್ಲೇ ಸೇರಿದೆ ಅಂದುಕೊಳ್ಳಬಹುದಾದ ಬಿಂದು. ಆ ಬಿಂದುವಿನಿಂದ ನೆಟ್ಟಗೆ ಕೆಳಗೆ ಎಳೆದ ಗೆರೆ ಕೆಳಗಿನ ಆಧಾರದ ಒಳಗೆ ಬಿದ್ರೆ ವಸ್ತು ನಿಲ್ಲತ್ತೆ, ಹೊರಗೆ ಹೋದ್ರೆ ಉರುಳತ್ತೆ. ಇಷ್ಟು ಶಾಲೆಯಲ್ಲೇ ಓದಿದ್ದೀವಿ.

ನಾವು ತಪ್ಪೋದು ಇಲ್ಲಿ: ಮೇಲಿನ ಎರಡು ಬ್ಲಾಕ್ ಮಾತ್ರ ನೋಡ್ತೀವಿ. ಲೆಕ್ಕ ಹಾಗಲ್ಲ. ಪ್ರತಿ ಬ್ಲಾಕ್‌ನ ಮೇಲೆ ಎಷ್ಟು ಇದೆಯೋ ಅಷ್ಟೂ ಬ್ಲಾಕ್‌ಗಳ ಒಟ್ಟು ಗುರುತ್ವ ಕೇಂದ್ರ ಅದರ ಒಳಗಿರಬೇಕು.

ಒಂದು ಲೆಕ್ಕ ಮಾಡೋಣ. ಬ್ಲಾಕ್ ಅಗಲ 100 ಅಂತ ಇಟ್ಕೊಳ್ಳಿ, ಎಲ್ಲದರ ತೂಕ ಒಂದೇ. ತಳದ ಬ್ಲಾಕ್‌ನ ನಡುಭಾಗ ಸೊನ್ನೆ. ಅಲ್ಲಿಂದ ಅಂಚಿಗೆ 50. ಈಗ ಮೊದಲನೇ ಬ್ಲಾಕ್ 30 ಬಲಕ್ಕೆ ಹೋಯ್ತು. ಪರವಾಗಿಲ್ಲ, 50ರ ಒಳಗಿದೆ. ಅದರ ಮೇಲಿನದು ಅದಕ್ಕಿಂತ 30 ಬಲಕ್ಕೆ, ಅಂದ್ರೆ 60ರಲ್ಲಿ. ಎರಡರ ಸರಾಸರಿ 45, ಇನ್ನೂ ನಿಂತಿದೆ. ಮೂರನೆಯದು ಮತ್ತೆ 30 ಬಲಕ್ಕೆ, 90ರಲ್ಲಿ. ಮೂರರ ಸರಾಸರಿ 60. ಮುಗೀತು, 50 ದಾಟ್ತು.

ಗಮನಿಸಿ, ಮೂರನೇ ಬ್ಲಾಕ್ ತನ್ನ ಕೆಳಗಿನದರ ಮೇಲೆ ಚೆನ್ನಾಗೇ ಕೂತಿತ್ತು. ಎರಡನೆಯದೂ ಅಷ್ಟೇ. ಕಿತ್ತುಕೊಂಡು ಹೋಗಿದ್ದು ತಳದ ಸಂದಿಯಲ್ಲಿ. "ಕೊನೇ ಬ್ಲಾಕ್ ಸರಿಯಾಗೇ ಇಟ್ಟೆ, ಆದ್ರೂ ಬಿತ್ತು, ಗೇಮೇ ಮೋಸ" ಅಂತ ನಾವು ಬೈಯೋದು ಇದಕ್ಕೇ.

ಅದೇ ಮೊದಲನೆಯದು 30ಕ್ಕೆ ಹೋದ ಮೇಲೆ, ಎರಡನೆಯದನ್ನೂ ಮೂರನೆಯದನ್ನೂ ತಳದ ನೇರಕ್ಕೆ, ಅಂದ್ರೆ ಸೊನ್ನೆಗೆ ತಂದಿದ್ರೆ? ಸರಾಸರಿ ಬರೀ 10. ಗೋಪುರ ಬಂಡೆ ಥರ ನಿಲ್ಲತ್ತೆ. ಹಾಗಾಗಿ ಮೊದಲನೇ ಟಿಪ್: ಕೊನೆಗೆ ಇಟ್ಟ ಬ್ಲಾಕ್‌ನ ನೇರ ಹಿಡಿಯಬೇಡಿ, ತಳದ ಬ್ಲಾಕ್‌ನ ನೇರ ಹಿಡಿಯಿರಿ. ಸ್ಕ್ರೀನ್ ಮೇಲಕ್ಕೆ ಹೋಗಿ ತಳ ಕಾಣದೇ ಹೋದ್ರೆ, ಹಿಂದೆ ಇರೋ ಚಿತ್ರದಲ್ಲಿ ಕದಲದ ಒಂದು ಗುರುತು ಇಟ್ಕೊಳ್ಳಿ.

ಕತ್ತರಿಸೋ ಗೇಮ್‌ನಲ್ಲಿ ಇದು ಪೂರ್ತಿ ಉಲ್ಟಾ. ಅಲ್ಲಿ ತಳ ಮರೆತುಬಿಡಿ, ಕೊನೇ ಬ್ಲಾಕ್‌ನ ಅಂಚು ಒಂದೇ ಮುಖ್ಯ.

ಬೆಂಕಿಪೊಟ್ಟಣದ ಪ್ರಯೋಗ

ಗೌರಿಬಿದನೂರು ತಾಲೂಕಿನ ಹೊಸೂರಲ್ಲಿ 1920ರಲ್ಲಿ ಹುಟ್ಟಿದ ಡಾ. ಎಚ್. ನರಸಿಂಹಯ್ಯನವರು ಭೌತಶಾಸ್ತ್ರದ ಮೇಷ್ಟ್ರು. 1972ರಿಂದ 77ರವರೆಗೆ ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿ. ಯಾರೋ ಹೇಳಿದ್ರು ಅಂತ ಒಪ್ಪಬೇಡಿ, ಪರೀಕ್ಷೆ ಮಾಡಿ ಅಂತ ಜೀವನವಿಡೀ ಹೇಳಿದವರು. ಅವರ ಜಿಲ್ಲೆಯವರು ನಾವು, ನನ್ನ ಮಾತನ್ನೂ ಹಾಗೇ ನಂಬಬೇಡಿ.

ಒಂದೇ ಥರದ ಐದಾರು ತುಂಬಿದ ಬೆಂಕಿಪೊಟ್ಟಣ ತಗೊಳ್ಳಿ. ಟೇಬಲ್ ಅಂಚಲ್ಲಿ ಒಂದರ ಮೇಲೊಂದು ಪೇರಿಸಿ. ಈಗ ಎಲ್ಲಕ್ಕಿಂತ ಮೇಲಿನದನ್ನ ಅದರ ಉದ್ದದ ಅರ್ಧದಷ್ಟು ಹೊರಗೆ ತಳ್ಳಿ. ಅದರ ಕೆಳಗಿನದನ್ನ ಕಾಲು ಭಾಗ, ಮುಂದಿನದನ್ನ ಆರನೇ ಒಂದು, ಅದರ ಮುಂದಿನದನ್ನ ಎಂಟನೇ ಒಂದು. ಎಲ್ಲ ಕೂಡಿದ್ರೆ ನಾಲ್ಕೇ ಪೊಟ್ಟಣಕ್ಕೆ ಒಂದಕ್ಕಿಂತ ಸ್ವಲ್ಪ ಜಾಸ್ತಿ. ಅಂದ್ರೆ ಮೇಲಿನ ಪೊಟ್ಟಣ ಪೂರ್ತಿ ಟೇಬಲ್‌ನಿಂದ ಆಚೆ ಇರುತ್ತೆ, ಆದ್ರೂ ಬೀಳಲ್ಲ! ಇದು ಕೂದಲೆಳೆಯ ಲೆಕ್ಕ, ಕೈ ನಡುಗಿದ್ರೆ ಬೀಳತ್ತೆ. ಅದಕ್ಕೇ ಐದಾರು ತಗೊಂಡು ಸ್ವಲ್ಪ ಕಮ್ಮಿ ಕಮ್ಮಿ ತಳ್ಳಿ.

ಇದರಿಂದ ಎರಡನೇ ಟಿಪ್: ಚಾಚೋ ಸ್ವಾತಂತ್ರ್ಯ ಮೇಲೆ ಜಾಸ್ತಿ, ಕೆಳಗೆ ಕಮ್ಮಿ. ಮೊದಲ ಐದು ಬ್ಲಾಕ್‌ಗೆ ಪೂರ್ತಿ ಟೈಮ್ ತಗೊಳ್ಳಿ. ಬೇರೆ ಬೇರೆ ಸೈಜಿನ ಬ್ಲಾಕ್ ಬಂದ್ರೆ ಅಗಲದ್ದು, ಭಾರದ್ದು ಕೆಳಗೆ. ಲಗೋರಿ ಆಡಿದವರಿಗೆ ಇದನ್ನ ಹೇಳಿಕೊಡಬೇಕಾ? ಏಳು ಕಲ್ಲಲ್ಲಿ ದೊಡ್ಡ ಚಪ್ಪಟೆ ಕಲ್ಲು ಯಾವಾಗಲೂ ಅಡಿಗೇ ಹೋಗತ್ತೆ.

ನೇತಾಡೋ ಬ್ಲಾಕ್ ಯಾವಾಗ ಬಿಡಬೇಕು?

ಕ್ರೇನ್‌ಗೆ ಕಟ್ಟಿದ ಬ್ಲಾಕ್ ಅಂದ್ರೆ ಲೋಲಕ. ಉಯ್ಯಾಲೆ ನೆನಪಿಸ್ಕೊಳ್ಳಿ. ಎರಡೂ ತುದಿಯಲ್ಲಿ ಒಂದು ಕ್ಷಣ ನಿಲ್ಲತ್ತೆ, ನಡುವೆ ಬರುವಾಗ ವೇಗ ಅತಿ ಹೆಚ್ಚು. ನಡುವೆ ಬಂದಾಗ ಬಿಟ್ರೆ ಅದು ನೆಟ್ಟಗೆ ಬೀಳಲ್ಲ. ಪಕ್ಕಕ್ಕೆ ಹೋಗ್ತಿದ್ದ ವೇಗ ಅದರ ಜೊತೆಗೇ ಇರುತ್ತದೆ. ಇದೇ ಜಡತ್ವ. ಓಡೋ ಬಸ್ಸಿಂದ ಇಳಿಯೋಕೆ ಹೋಗಿ ಮುಗ್ಗರಿಸೋದು ಇದರಿಂದಲೇ.

ನಿಜವಾದ ಜಗತ್ತಲ್ಲಿ 20 ಸೆಂಟಿಮೀಟರ್ ಬೀಳೋಕೆ ಸುಮಾರು ಸೆಕೆಂಡಿನ ಐದನೇ ಒಂದು ಭಾಗ ಬೇಕು. ಬ್ಲಾಕ್ ಸೆಕೆಂಡಿಗೆ 50 ಸೆಂಟಿಮೀಟರ್ ವೇಗದಲ್ಲಿ ಪಕ್ಕಕ್ಕೆ ಹೋಗ್ತಿದ್ರೆ, ಬೀಳೋ ಹೊತ್ತಿಗೆ 10 ಸೆಂಟಿಮೀಟರ್ ದೂರ ಹೋಗಿರತ್ತೆ. ಗೇಮ್‌ನಲ್ಲಿ ಅಂಕಿ ಬೇರೆ, ವಿಷಯ ಅದೇ: ನಡುವಿಗೆ ಬರೋ ಮೊದಲೇ ಬಿಡಬೇಕು.

ಆದ್ರೆ ಕೆಲವು ಗೇಮ್‌ಗಳಲ್ಲಿ ಬ್ಲಾಕ್ ಬಿಟ್ಟ ತಕ್ಷಣ ನೆಟ್ಟಗೆ ಬೀಳತ್ತೆ, ಜಡತ್ವ ಇರಲ್ಲ. ಕಂಡುಹಿಡಿಯೋದು ಸುಲಭ. ಹೊಸ ಗೇಮ್ ಹಾಕಿದ ತಕ್ಷಣ ಎರಡು ಆಟ ಸೋಲೋಕೆ ಅಂತಲೇ ಆಡಿ. ಒಮ್ಮೆ ಸರಿಯಾಗಿ ನಡುವಲ್ಲಿ ಬಿಡಿ, ಒಮ್ಮೆ ತುದಿಯಲ್ಲಿ ಬಿಡಿ. ಎಲ್ಲಿ ಬೀಳತ್ತೆ ನೋಡಿ. ಆ ಎರಡು ಸೋಲು ಮುಂದಿನ ಇಪ್ಪತ್ತು ಆಟ ಉಳಿಸತ್ತೆ.

ಕಣ್ಣಲ್ಲ, ತಾಳ

ಕಣ್ಣು ನೋಡಿದ್ದನ್ನ ಬೆರಳು ಮಾಡೋಕೆ ಸುಮಾರು ಸೆಕೆಂಡಿನ ಐದನೇ ಒಂದರಿಂದ ನಾಲ್ಕನೇ ಒಂದು ಭಾಗ ಹಿಡಿಯತ್ತೆ. ಅಂದ್ರೆ "ಬಂತು" ಅಂತ ಕಂಡಾಗ ಒತ್ತಿದ್ರೆ ತಡ ಆಗಿರತ್ತೆ. ಚೆನ್ನಾಗಿ ಆಡೋರು ಕಂಡು ಒತ್ತಲ್ಲ, ಎಣಿಸಿ ಒತ್ತುತ್ತಾರೆ. ಬ್ಲಾಕ್ ಹೋಗಿ ಬರೋಕೆ ಒಂದು ತಾಳ ಇರತ್ತೆ. ತಮಟೆ ಏಟಿಗೆ ಕಾಲು ತಾನಾಗೇ ಹೆಜ್ಜೆ ಹಾಕೋ ಹಾಗೆ, ಎರಡು ಸಲ ಹೋಗಿಬರೋಕೆ ಬಿಟ್ಟು ಮನಸಲ್ಲೇ ತಾಳ ಹಿಡಿದು ಮೂರನೇ ಸಲ ಒತ್ತಿ.

ಫೋನ್ ಕಡೆಯೂ ನೋಡ್ಕೊಳ್ಳಿ. 60 ಹರ್ಟ್ಸ್ ಸ್ಕ್ರೀನ್ ಸೆಕೆಂಡಿಗೆ 60 ಚಿತ್ರ ತೋರಿಸತ್ತೆ. ಬ್ಯಾಟರಿ ಸೇವರ್ ಹಾಕಿದ್ರೆ ಎಷ್ಟೋ ಫೋನ್‌ಗಳಲ್ಲಿ ಗೇಮ್ ನಿಧಾನ ಆಗತ್ತೆ, ಬ್ಲಾಕ್ ಎಗರಿ ಎಗರಿ ಬರತ್ತೆ, ತಾಳ ಕೆಡತ್ತೆ. ಆಡೋವಾಗ ಅದನ್ನ ಆಫ್ ಮಾಡಿ, ನೋಟಿಫಿಕೇಶನ್ ನಿಲ್ಲಿಸಿ. ಬೆರಳು ಸ್ಕ್ರೀನ್‌ಗೆ ಹತ್ತಿರವೇ ಇರಲಿ.

ಗೋಪುರ ಓಲಾಡೋವಾಗ ಆತುರ ಬೇಡ

2021ರ ಡಿಸೆಂಬರ್ 22ರ ಬೆಳಗ್ಗೆ ನಮ್ಮ ಜಿಲ್ಲೆಯಲ್ಲಿ ಭೂಮಿ ನಡುಗಿದ್ದು ನೆನಪಿದೆಯಾ? ಸುಮಾರು 3 ತೀವ್ರತೆಯ ಎರಡು ಸಣ್ಣ ಕಂಪನ, ಕೆಲವೇ ನಿಮಿಷಗಳ ಅಂತರದಲ್ಲಿ. ಎಲ್ಲರೂ ಮನೆಯಿಂದ ಆಚೆ ಓಡಿ ಬಂದಿದ್ದರು. ಎತ್ತರದ ವಸ್ತು ಅಲುಗಾಡೋಕೆ ಶುರು ಮಾಡಿದ್ರೆ ಅದಕ್ಕೆ ತನ್ನದೇ ಒಂದು ತೂಗುವ ಲಯ ಇರುತ್ತದೆ. ಉಯ್ಯಾಲೆ ತಳ್ಳೋವಾಗ ಸರಿಯಾದ ಹೊತ್ತಿಗೆ ತಳ್ಳಿದ್ರೆ ಎತ್ತರ ಹೋಗತ್ತೆ ಅಲ್ವಾ? ಗೋಪುರವೂ ಹಾಗೇ. ಅದು ಬಲಕ್ಕೆ ವಾಲ್ತಿರುವಾಗ ಬ್ಲಾಕ್ ಬಲಕ್ಕೆ ಬಿದ್ರೆ ತೂಗಾಟ ಹೆಚ್ಚುತ್ತೆ. ಟೈಮರ್ ಇಲ್ಲದ ಗೇಮ್ ಆದ್ರೆ ಪೂರ್ತಿ ನಿಲ್ಲೋವರೆಗೆ ಕಾಯಿರಿ. ಟೈಮರ್ ಇದ್ರೆ, ಅದು ವಾಲ್ತಿರೋ ಕಡೆಗೆ ಎದುರು ಕಡೆ ಸ್ವಲ್ಪ ಇಡಿ.

'ಸ್ಟ್ಯಾಕ್' ಥರದ್ದಕ್ಕೆ ಇನ್ನೊಂದು ಮಾತು. ಸಾಲಾಗಿ ಪರ್ಫೆಕ್ಟ್ ಇಡ್ತಾ ಹೋದ್ರೆ ಬ್ಲಾಕ್ ಮತ್ತೆ ದೊಡ್ಡದಾಗತ್ತೆ. ಸಣ್ಣಗಾಯ್ತು ಅಂತ ಹೆದರಿ ಬೇಗ ಬೇಗ ಒತ್ತಬೇಡಿ. ಕಳೆದುಕೊಂಡ ಅಗಲ ವಾಪಸ್ ಬರೋದು ತಾಳ್ಮೆಯಿಂದಲೇ.

ದುಡ್ಡು ಕಟ್ಟಿ ಆಡೋ ಗೋಪುರ

ಈಗ ಬಿ.ಕಾಂ. ಲೆಕ್ಕ. ಇದೇ ಗೇಮ್‌ಗಳನ್ನ ಎಂಟ್ರಿ ಫೀ ಇಟ್ಟು ಆಡಿಸೋ ಆ್ಯಪ್‌ಗಳು ಇದ್ವು. ಶಿಡ್ಲಘಟ್ಟದಲ್ಲಿರೋ ನನ್ನ ಚಿಕ್ಕಪ್ಪನ ಮಗ ಹೀಗೇ ಆಡ್ತಾ ಆಡ್ತಾ, ಚಿಕ್ಕಮ್ಮ ರೇಷ್ಮೆಗೂಡು ಮಾರಿ ಎತ್ತಿಟ್ಟಿದ್ದ ದುಡ್ಡಿಗೆ ಕೈ ಹಾಕಿದ್ದ. ಒಂದು ಬೆಳೆಯ ಹುಳ ಸಾಕೋದು ಅಂದ್ರೆ ಏನು ಅಂತ ಆ ಊರಿನವರಿಗೆ ಗೊತ್ತು. ರಾತ್ರಿ ಎದ್ದು ಸೊಪ್ಪು ಹಾಕ್ಬೇಕು. ಚಿಕ್ಕಮ್ಮ ಬೈಯಲಿಲ್ಲ, ಮೂರು ದಿನ ಮಾತಾಡಲಿಲ್ಲ ಅಷ್ಟೇ. ಅವನಿಗೆ ಬೈಗುಳವೇ ವಾಸಿ ಅನ್ನಿಸಿತ್ತಂತೆ.

ನಾನು ಅವನಿಗೆ ಪೇಪರ್ ಮೇಲೆ ತೋರಿಸಿದ್ದು ಇಷ್ಟು. ಹತ್ತು ಜನ ತಲಾ 20 ರೂಪಾಯಿ ಹಾಕಿದ್ರೆ 200. ಬಹುಮಾನ 160 ಅಂತ ಇಟ್ಕೋ, 40 ಆ್ಯಪ್‌ಗೆ. ಎಲ್ಲರ ಕೈ ಚಳಕ ಒಂದೇ ಥರ ಇದ್ರೆ, ಒಬ್ಬನಿಗೆ ಸರಾಸರಿ ವಾಪಸ್ ಬರೋದು 16 ರೂಪಾಯಿ. ನೂರು ಆಟ ಆಡಿದ್ರೆ 2000 ಹೋಗತ್ತೆ, 1600 ಬರತ್ತೆ. ಯಾರು ಗೆದ್ರೂ ಸೋತ್ರೂ ಆ್ಯಪ್ ಮಾತ್ರ ಪ್ರತಿ ಸಲ ಗೆಲ್ಲತ್ತೆ.

2025ರ ಆಗಸ್ಟ್‌ನಲ್ಲಿ ಸಂಸತ್ತು ಒಪ್ಪಿದ ಆನ್‌ಲೈನ್ ಗೇಮಿಂಗ್ ಕಾಯ್ದೆ, ಕೌಶಲದ್ದೋ ಅದೃಷ್ಟದ್ದೋ ಅನ್ನೋ ಭೇದ ಇಲ್ಲದೆ, ದುಡ್ಡು ಪಣಕ್ಕಿಟ್ಟು ಆಡಿಸೋ ಗೇಮ್‌ಗಳನ್ನ ನಿಷೇಧಿಸಿದೆ. ಆದ್ರೂ ಟೆಲಿಗ್ರಾಂ ಲಿಂಕ್‌ನಲ್ಲಿ, "ಎಪಿಕೆ ಇನ್‌ಸ್ಟಾಲ್ ಮಾಡಿ" ಅಂತ ಯಾರಾದ್ರೂ ಕಳಿಸಿದ್ರೆ ಮುಟ್ಟಬೇಡಿ. ದುಡ್ಡು ಹೋಗಿದ್ರೆ ತಡಮಾಡದೆ 1930ಕ್ಕೆ ಫೋನ್ ಮಾಡಿ, ಅದು ಸೈಬರ್ ವಂಚನೆಯ ಸಹಾಯವಾಣಿ.

ಕೊನೆಗೆ

ಮಾವನ ಹತ್ರ ಈ ಎಪಿಸೋಡ್‌ಗೆ ಮಾತಾಡಿ ಅಂತ ಕೇಳಿದೆ, ಒಪ್ಪಲಿಲ್ಲ. ಆದ್ರೆ ಒಂದು ವಿಷಯ ಹೇಳಿದ್ರು. ಹೋದ ವರ್ಷ ಮಳೆಯಲ್ಲಿ ಗಾಡಿ ಮೇಲೆ ಪೇರಿಸಿದ್ದ ಬಾಕ್ಸ್ ಸಾಲು ವಾಲಿ, ಜೊತೆಗಾರನ ಪಾದದ ಮೇಲೆ ಬಿತ್ತಂತೆ. ಟಮೋಟ ತುಂಬಿದ ಒಂದು ಬಾಕ್ಸ್ ಹದಿನೈದು ಕೆ.ಜಿ. ಹತ್ರ ಬರತ್ತೆ. ಆತ ಒಂದು ತಿಂಗಳು ಕೆಲಸಕ್ಕೆ ಬರಲಿಲ್ಲ, ಕೂಲಿಯೂ ಇಲ್ಲ. ಕಾರಣ ಏನು ಅಂತ ಕೇಳಿದೆ. "ಅಡಿಯ ಬಾಕ್ಸ್ ಕೆಸರಲ್ಲಿ ಒಂದು ಕಡೆ ಇಳಿದಿತ್ತು. ನೋಡಿದ್ವಿ. ಗಾಡಿ ಲೇಟಾಗತ್ತೆ ಅಂತ ಹಾಗೇ ಪೇರಿಸಿದ್ವಿ" ಅಂದ್ರು.

ನಮಗೆ ರೀಸ್ಟಾರ್ಟ್ ಬಟನ್ ಇದೆ. ಅದಕ್ಕೇ ಸೋತು ಕಲಿಯೋಕೆ ಗೇಮ್ ಒಳ್ಳೇ ಜಾಗ. ಅಂಗಡಿ, ಗೋಡೌನ್, ಗಾಡಿ ಹತ್ರ ಕೆಲಸ ಮಾಡೋ ಸ್ನೇಹಿತರೇ, ತಳದ ಬಾಕ್ಸ್ ಒಂದು ಸಲ ನೋಡಿ ಆಮೇಲೆ ಪೇರಿಸಿ.

ನಿಮ್ಮ ಗೋಪುರ ಎಷ್ಟು ಮಹಡಿ ಹೋಯ್ತು ಅಂತ ವಾಯ್ಸ್ ನೋಟ್ ಕಳಿಸಿ. ಬೆಂಕಿಪೊಟ್ಟಣದ ಪ್ರಯೋಗ ಮಾಡಿದ್ರೆ ಫೋಟೋನೂ ಇರಲಿ. ಮುಂದಿನ ವಾರ ಸಿಗೋಣ, ನಮಸ್ಕಾರ.