ಶಾಲೆಯಲ್ಲಿ ಕಳೆದುಹೋದ ಮಾತು: ಲೂಯಿಸಿಯಾನದ ಕೇಜನ್ ಜನರ ಕಥೆ



ಸಂಘದ ಸಭೆ ಯಾವ ಊರಿನಲ್ಲಿ ಸೇರಿದರೂ ಒಂದು ಪ್ರಶ್ನೆ ಬಂದೇ ಬರುತ್ತದೆ. ಶಾಲೆಯಲ್ಲಿ ನಮ್ಮ ಭಾಷೆ ಇಲ್ಲವಾದರೆ ಮೊಮ್ಮಕ್ಕಳ ಕಾಲಕ್ಕೆ ಏನು ಉಳಿಯುತ್ತದೆ? ಅಮೆರಿಕದ ಲೂಯಿಸಿಯಾನ ರಾಜ್ಯದಲ್ಲಿ ಈ ಪ್ರಶ್ನೆಗೆ ಸುಮಾರು ನೂರು ವರ್ಷಗಳ ಅನುಭವದ ಉತ್ತರವಿದೆ. ಅಲ್ಲಿನ ಕೇಜನ್ ಎಂಬ ಫ್ರೆಂಚ್ ಮಾತಿನ ಜನರ ಸಂಗತಿಯನ್ನು ಈ ಸಲ ಸಂಕ್ಷಿಪ್ತವಾಗಿ ತಿಳಿಸುತ್ತೇನೆ.

ಇವರಲ್ಲಿ ಅನೇಕರ ಪೂರ್ವಿಕರು 17ನೇ ಶತಮಾನದಲ್ಲಿ ಫ್ರಾನ್ಸಿನಿಂದ ಬಂದು ಇಂದಿನ ಕೆನಡಾದ ನೋವಾ ಸ್ಕೋಷಿಯಾ ಭಾಗದಲ್ಲಿ ನೆಲೆಸಿದ ರೈತರು. ಆ ಸೀಮೆಗೆ ಆಗ ಅಕೇಡಿಯಾ ಎಂದು ಹೆಸರು. 1713ರ ಒಪ್ಪಂದದಲ್ಲಿ ಆ ನೆಲ ಬ್ರಿಟಿಷರ ಪಾಲಾಯಿತು. ರೈತರು ಇದ್ದಲ್ಲೇ ಇದ್ದರು, ಗಡಿ ಅವರ ಮೇಲೆ ಹಾದುಹೋಯಿತು. ಬ್ರಿಟಿಷ್ ದೊರೆಗೆ ಷರತ್ತಿಲ್ಲದೆ ನಿಷ್ಠೆಯ ಪ್ರಮಾಣ ಮಾಡಲು ಅವರು ಒಪ್ಪಲಿಲ್ಲ ಎಂಬ ಕಾರಣಕ್ಕೆ 1755ರಲ್ಲಿ ಗಡೀಪಾರು ಆರಂಭವಾಯಿತು. ಮನೆಗಳಿಗೆ ಬೆಂಕಿ ಬಿತ್ತು. ಮುಂದಿನ ಕೆಲವು ವರ್ಷಗಳಲ್ಲಿ ಹತ್ತು ಸಾವಿರದಷ್ಟು ಜನರನ್ನು ಹಡಗುಗಳಲ್ಲಿ ತುಂಬಿ ಬೇರೆ ಬೇರೆ ತೀರಗಳಿಗೆ ಸಾಗಿಸಿದರು. ಎಷ್ಟೋ ಕುಟುಂಬಗಳು ಚದುರಿದವು, ಎಷ್ಟೋ ಜನ ದಾರಿಯಲ್ಲೇ ತೀರಿಕೊಂಡರು.

1765ರ ಹೊತ್ತಿಗೆ ಕೆಲವರು ಲೂಯಿಸಿಯಾನದ ಜೌಗು ನಾಡಿಗೆ ಬಂದು ಸೇರಿದರು. 1785ರಲ್ಲಿ ಫ್ರಾನ್ಸಿನಿಂದ ಏಳು ಹಡಗುಗಳಲ್ಲಿ ಸುಮಾರು 1,600 ಮಂದಿ ಬಂದರು. 'ಅಕಾಡಿಯನ್' ಎಂಬ ಹೆಸರು ಬಾಯಿಂದ ಬಾಯಿಗೆ ಸವೆದು 'ಕೇಜನ್' ಆಯಿತು. ಅಲ್ಲಿ ಮೊದಲೇ ಇದ್ದ ಫ್ರೆಂಚರು, ಸ್ಪ್ಯಾನಿಷರು, ಜರ್ಮನರು, ಆಫ್ರಿಕಾ ಮೂಲದವರು ಹಾಗೂ ಮೂಲನಿವಾಸಿಗಳೊಡನೆ ಬೆರೆತು ಅವರ ಮಾತು, ಅಡುಗೆ, ಹಾಡು ಬೇರೆಯೇ ಒಂದು ರೂಪ ಪಡೆದವು. 1803ರಲ್ಲಿ ಆ ಸೀಮೆಯನ್ನು ಅಮೆರಿಕ ಕೊಂಡುಕೊಂಡ ಮೇಲೂ ಹಳ್ಳಿಗಳಲ್ಲಿ ಫ್ರೆಂಚ್ ನಡೆದೇ ಇತ್ತು.

ಪೆಟ್ಟು ಬಿದ್ದದ್ದು ಶಾಲೆಯಿಂದ. 1916ರಲ್ಲಿ ಮಕ್ಕಳು ಶಾಲೆಗೆ ಬರುವುದು ಕಡ್ಡಾಯವಾಯಿತು. 1921ರ ರಾಜ್ಯ ಸಂವಿಧಾನ ಸರಕಾರಿ ಶಾಲೆಗಳ ಪಾಠಪ್ರವಚನ ಇಂಗ್ಲಿಷಿನಲ್ಲೇ ನಡೆಯಬೇಕೆಂದು ವಿಧಿಸಿತು. ಮನೆಯಲ್ಲಿ ಫ್ರೆಂಚ್ ಬಿಟ್ಟು ಬೇರೇನೂ ಕೇಳದ ಮಗು ತರಗತಿಗೆ ಬಂದು ಬಾಯಿ ತೆರೆದರೆ ಶಿಕ್ಷೆ. ಏಟು ತಿಂದವರು, ಮೊಣಕಾಲೂರಿ ಕುಳಿತವರು, ಫ್ರೆಂಚ್ ಮಾತಾಡುವುದಿಲ್ಲವೆಂದು ನೂರಾರು ಸಲ ಬರೆದವರು ಆ ತಲೆಮಾರಿನಲ್ಲಿ ಮನೆಮನೆಯಲ್ಲೂ ಇದ್ದರು. ಹೊರಗೆ ಹೋಗಬೇಕೆಂದು ಇಂಗ್ಲಿಷಿನಲ್ಲಿ ಕೇಳಲು ಬಾರದೆ ಕುಳಿತಲ್ಲೇ ಬಟ್ಟೆ ಒದ್ದೆ ಮಾಡಿಕೊಂಡದ್ದನ್ನು ಮುದುಕರಾದ ಮೇಲೂ ಅವರು ಹೇಳಿಕೊಳ್ಳುತ್ತಿದ್ದರು.

ಇಲ್ಲಿ ಗಮನಿಸಬೇಕಾದ ಸಂಗತಿ ಒಂದಿದೆ. ಆ ಸಂವಿಧಾನ ಮನೆಯೊಳಗೆ ಫ್ರೆಂಚ್ ಮಾತಾಡಬಾರದೆಂದು ಎಲ್ಲೂ ಹೇಳಲಿಲ್ಲ. ಶಾಲೆಯಲ್ಲಿ ಅವಮಾನ ಉಂಡ ಮಕ್ಕಳು ದೊಡ್ಡವರಾಗಿ ತಂದೆತಾಯಿಯರಾದಾಗ, ನಮ್ಮ ಮಕ್ಕಳಿಗೆ ಈ ಪಾಡು ಬೇಡ ಎಂದು ತಾವೇ ತೀರ್ಮಾನಿಸಿದರು. ತಮ್ಮತಮ್ಮಲ್ಲಿ ಫ್ರೆಂಚ್, ಮಕ್ಕಳೊಡನೆ ಇಂಗ್ಲಿಷ್. ಎರಡನೇ ಮಹಾಯುದ್ಧದಲ್ಲಿ ಇದೇ ಕೇಜನ್ ಸೈನಿಕರು ಫ್ರಾನ್ಸಿನಲ್ಲಿ ದುಭಾಷಿಗಳಾಗಿ ಸೈನ್ಯಕ್ಕೆ ಒದಗಿದರು. ನಾಚಿಕೆಯ ಮಾತು ಅಲ್ಲಿ ಉಪಯೋಗದ ಮಾತಾಯಿತು. ಆದರೂ ಊರಿಗೆ ಮರಳಿದ ಮೇಲೆ ಮನೆಯ ರೂಢಿ ಬದಲಾಗಲಿಲ್ಲ. ಯುದ್ಧಾನಂತರ ಹುಟ್ಟಿದವರಲ್ಲಿ ಹೆಚ್ಚಿನವರಿಗೆ ಅಜ್ಜಿಯ ಮಾತು ಅರ್ಥವಾಗುತ್ತಿತ್ತು, ಉತ್ತರಿಸಲು ಬರುತ್ತಿರಲಿಲ್ಲ. ಅವರ ಮಕ್ಕಳಿಗೆ ಅರ್ಥವೂ ಆಗಲಿಲ್ಲ.

ಮಾತು ಹೋಗುತ್ತಿದ್ದರೂ ನೆನಪು ಹೋಗಲಿಲ್ಲ. ಆ ನೆನಪಿಗೆ ಒಂದು ಆಕಾರ ಕೊಟ್ಟವನು ಹೊರಗಿನವನೇ. ಲಾಂಗ್‌ಫೆಲೊ ಕವಿ 1847ರಲ್ಲಿ ಪ್ರಕಟಿಸಿದ 'ಎವಾಂಜಲಿನ್' ಕಾವ್ಯದ ನಾಯಕಿ ಗಡೀಪಾರಿನಲ್ಲಿ ಅಗಲಿದ ಪ್ರಿಯಕರನನ್ನು ಹುಡುಕುತ್ತಾ ಅಲೆಯುತ್ತಾಳೆ. ಕವಿ ಲೂಯಿಸಿಯಾನವನ್ನು ಕಂಡವನಲ್ಲ, ನಾಯಕಿ ಕಲ್ಪಿತ ಪಾತ್ರ. ಆದರೂ ಸೇಂಟ್ ಮಾರ್ಟಿನ್‌ವಿಲ್ ಊರಿನಲ್ಲಿ ಅವಳ ಹೆಸರಿನ ಓಕ್ ಮರವಿದೆ, ವಿಗ್ರಹವೂ ಇದೆ. ಕಥೆ ಕಟ್ಟಿದ್ದಾದರೂ ಅದರ ಹಿಂದಿನ ದುಃಖ ನಿಜವಾಗಿತ್ತು. ಹಾಗಾಗಿ ಜನ ಅದನ್ನು ತಮ್ಮದೆಂದು ಒಪ್ಪಿಕೊಂಡರು.

ಹಾಡು ಇನ್ನೊಂದು ಆಸರೆ. 1964ರಲ್ಲಿ ಡ್ಯೂಯಿ ಬಾಲ್ಫಾ ಮತ್ತು ಸಂಗಡಿಗರು ನ್ಯೂಪೋರ್ಟ್ ಜಾನಪದ ಉತ್ಸವಕ್ಕೆ ಪಿಟೀಲು, ಅಕಾರ್ಡಿಯನ್ ಹಿಡಿದು ಹೊರಟಾಗ ಊರಿನಲ್ಲೇ ನಕ್ಕವರಿದ್ದರು. ಉತ್ಸವದಲ್ಲಿ ಸಾವಿರಾರು ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಬಾಲ್ಫಾ ಊರಿಗೆ ಬಂದು ಉಳಿದ ಆಯುಸ್ಸನ್ನು ಆ ಸಂಗೀತಕ್ಕೇ ಸವೆಸಿದ.

1968ರಲ್ಲಿ, ಮಾಜಿ ಸಂಸದ ಹಾಗೂ ವಕೀಲ ಜೇಮ್ಸ್ ಡೊಮೆಂಜೊ ಅವರ ಒತ್ತಾಯದಿಂದ, ಫ್ರೆಂಚ್ ಬೆಳೆಸಲೆಂದೇ ರಾಜ್ಯ ಸರಕಾರ ಕೋಡೋಫಿಲ್ ಎಂಬ ಮಂಡಳಿ ಸ್ಥಾಪಿಸಿತು. 1974ರ ಹೊಸ ಸಂವಿಧಾನ ತಮ್ಮ ಭಾಷೆ, ಸಂಸ್ಕೃತಿಯ ಮೂಲವನ್ನು ಉಳಿಸಿ ಬೆಳೆಸುವ ಹಕ್ಕನ್ನು ಜನರಿಗೆ ಮಾನ್ಯ ಮಾಡಿತು. ಕಡತದ ಲೆಕ್ಕದಲ್ಲಿ 53 ವರ್ಷಕ್ಕೆ ತಪ್ಪು ತಿದ್ದಿದಂತಾಯಿತು. ಮನೆಯ ಲೆಕ್ಕ ಅಷ್ಟು ಸುಲಭವಾಗಿರಲಿಲ್ಲ. ಕಲಿಸಲು ಶಿಕ್ಷಕರು ಫ್ರಾನ್ಸ್, ಬೆಲ್ಜಿಯಂ, ಕೆನಡಾದ ಕ್ವಿಬೆಕ್‌ಗಳಿಂದ ಬಂದರು. ಅವರದು ಪುಸ್ತಕದ ಫ್ರೆಂಚ್. ಸೀಗಡಿಗೆ ಕೇಜನ್ ಅಜ್ಜಿ 'ಶೆವ್ರೆಟ್' ಎಂದರೆ ಮೊಮ್ಮಗು ಶಾಲೆಯಿಂದ 'ಕ್ರೆವೆಟ್' ಎಂದು ಕಲಿತು ಬರುತ್ತಿತ್ತು. ನಮ್ಮ ಮಾತು ಆಗಲೂ ತಪ್ಪು, ಈಗಲೂ ತಪ್ಪೇ ಎಂದು ಹಿರಿಯರು ನೊಂದುಕೊಂಡರು. ಸ್ಥಳೀಯ ಮಾತಿಗೂ ಪಾಠದಲ್ಲಿ ಜಾಗ ಬೇಕೆಂಬ ಅರಿವು ಬಂದದ್ದು ಆಮೇಲೆ.

ಇನ್ನೊಂದು ಲೋಪವೂ ಆಯಿತು. ಕೇಜನ್ ಹೆಸರು ಮುಂದೆ ಬಂದಾಗ, ಅಷ್ಟೇ ಕಾಲದಿಂದ ಫ್ರೆಂಚ್ ಮತ್ತು ಕ್ರಿಯೋಲ್ ಮಾತಾಡುತ್ತಿದ್ದ ಕಪ್ಪು ಜನರೂ ಹೂಮಾ ಮುಂತಾದ ಮೂಲನಿವಾಸಿಗಳೂ ಹಿಂದೆ ಉಳಿದರು. ಜೈಡಿಕೊ ಸಂಗೀತ ಕ್ರಿಯೋಲರ ಕೊಡುಗೆ. 2023ರಲ್ಲಿ ಪ್ವಾಂತ್-ಒ-ಶಿಯೆನ್ ಎಂಬ ಕಡಲಂಚಿನ ಊರಿನಲ್ಲಿ, ಮೂಲನಿವಾಸಿ ಮತ್ತು ಕೇಜನ್ ಮಕ್ಕಳಿಬ್ಬರೂ ಕಲಿಯುವ ಫ್ರೆಂಚ್ ಮಾಧ್ಯಮ ಶಾಲೆ ಆರಂಭವಾದದ್ದು ಈ ದೃಷ್ಟಿಯಿಂದ ಸಮಾಧಾನದ ಸುದ್ದಿ.

ವಕೀಲರೊಬ್ಬರ ದೀರ್ಘಕಾಲದ ಮನವಿಯ ಫಲವಾಗಿ 2003ರಲ್ಲಿ ಬ್ರಿಟನ್ ರಾಣಿಯ ಹೆಸರಿನ ಘೋಷಣೆ ಹೊರಟು, ಗಡೀಪಾರಿನ ಕಷ್ಟವನ್ನು ಅಧಿಕೃತವಾಗಿ ಒಪ್ಪಿಕೊಂಡಿತು. ಪರಿಹಾರವಿಲ್ಲ, ದಾಖಲೆ ಮಾತ್ರ. ಸುಮಾರು 250 ವರ್ಷ ನೆನಪಿಟ್ಟ ಜನರಿಗೆ ಅದೂ ದೊಡ್ಡದೇ.

ಇದರಿಂದ ನಾನು ತಿಳಿದುಕೊಂಡದ್ದು ಇಷ್ಟು. ಹಾಡು, ಅಡುಗೆ, ಹಬ್ಬಗಳಿಂದ ಒಂದು ಸಮುದಾಯ ತನ್ನ ಹೆಸರು ಉಳಿಸಿಕೊಳ್ಳಬಲ್ಲದು. ಕೇಜನ್ನರು ಉಳಿಸಿಕೊಂಡಿದ್ದಾರೆ. ಮಾತನ್ನು ಮಾತ್ರ ಮನೆ ಬಿಟ್ಟರೆ ಅದನ್ನು ಮರಳಿ ತರಲು ಮಂಡಳಿ, ಕಾನೂನು, ಹೊರಗಿನ ಶಿಕ್ಷಕರು ಎಲ್ಲ ಸೇರಿದರೂ ತಲೆಮಾರುಗಳೇ ಬೇಕು. ಶಾಲೆಗಾಗಿ ನಾವು ಕೊಡುವ ಮನವಿಪತ್ರಗಳು ನಿಲ್ಲಬಾರದು. ಜೊತೆಗೆ, ಮಕ್ಕಳೊಡನೆ ಯಾವ ಮಾತಿನಲ್ಲಿ ಊಟಕ್ಕೆ ಕರೆಯುತ್ತೇವೆ ಎಂಬುದನ್ನೂ ನೋಡಿಕೊಳ್ಳಬೇಕು.

ಮುಂದಿನ ಸಭೆಗೆ ಬರುವಾಗ ನಿಮ್ಮ ಮನೆಯ ಹಿರಿಯರು ಮಾತ್ರ ಬಳಸುವ ಹತ್ತು ಪದಗಳನ್ನು ಬರೆದು ತನ್ನಿ. ಪುಸ್ತಕದ ಕನ್ನಡದಲ್ಲಿ ಇಲ್ಲವೆಂದು ಯಾವುದನ್ನೂ ಬಿಡಬೇಡಿ. ಮಕ್ಕಳನ್ನೂ ಕರೆತನ್ನಿ, ಅವರೇ ಓದಲಿ.

ಇತಿ,
ಕಾರ್ಯದರ್ಶಿ