ಮಗ ಒಳಬಂದರೆ ಅಪ್ಪನ ಪರದೆಗೆ ಬೀಗ ಏಕೆ?

ಭೀಮಸಮುದ್ರದ ಅಡಿಕೆ ಮಂಡಿಯವರೊಬ್ಬರು ಕೇಳಿದ್ದಾರೆ: ‘ಲೆಕ್ಕಪತ್ರವೆಲ್ಲ ಮನೆಯ ಕಂಪ್ಯೂಟರಿನಲ್ಲಿದೆ. ಮಂಡಿಯಿಂದ ಮಗ ರಿಮೋಟ್ ಡೆಸ್ಕ್‌ಟಾಪ್‌ನಲ್ಲಿ ಒಳಬಂದರೆ ನನ್ನ ಪರದೆಗೆ ಬೀಗ ಬೀಳುತ್ತದೆ. ಇಬ್ಬರನ್ನು ಸಂಭಾಳಿಸುವ ಶಕ್ತಿ ಈ ಯಂತ್ರಕ್ಕಿಲ್ಲವೇ?’

ಧಾರಾಳವಾಗಿದೆ. ನಿಮ್ಮ ಗುಮಾಸ್ತರನ್ನೇ ನೋಡಿ. ರಾಶಿ ತಂದವರು, ಬೆಟ್ಟೆ ತಂದವರು, ಮುಂಗಡ ಕೇಳಲು ಬಂದವರು ಎದುರಿಗೆ ಕೂತಿರುತ್ತಾರೆ. ಒಬ್ಬರು ಜೇಬಿನಲ್ಲಿ ಚೀಟಿ ತಡಕಾಡುವಷ್ಟರಲ್ಲಿ ಗುಮಾಸ್ತರು ಇನ್ನೊಬ್ಬರ ಖಾತೆಯಲ್ಲಿ ಎರಡು ಸಾಲು ಬರೆದು ಮುಗಿಸಿರುತ್ತಾರೆ. ಒಬ್ಬರ ಲೆಕ್ಕ ಇನ್ನೊಬ್ಬರದರಲ್ಲಿ ಬೆರೆಯುವುದಿಲ್ಲ. ಕಾದೆವೆಂದು ಯಾರಿಗೂ ಅನಿಸುವುದಿಲ್ಲ. ಪ್ರೊಸೆಸರ್ ಮಾಡುವುದೂ ಇದನ್ನೇ, ಸೆಕೆಂಡಿನ ಸಾವಿರದ ಕೆಲವೇ ಪಾಲುಗಳಲ್ಲಿ. ನೀವು ಒಂದು ಕೀ ಒತ್ತಿ ಮುಂದಿನದಕ್ಕೆ ಬೆರಳೆತ್ತುವುದರೊಳಗೆ ಅದಕ್ಕೆ ಬೇಕಾದಷ್ಟು ಬಿಡುವು.

ಉಪಾಯ ಹಳೆಯದು. 1961ರ ನವೆಂಬರಿನಲ್ಲಿ ಅಮೆರಿಕದ ಎಂಐಟಿಯಲ್ಲಿ ಫರ್ನಾಂಡೊ ಕೊರ್ಬಾಟೊ ಅವರ ತಂಡ ಒಂದೇ ಯಂತ್ರಕ್ಕೆ ಹಲವು ಟರ್ಮಿನಲ್ ಜೋಡಿಸಿ ಇದನ್ನು ತೋರಿಸಿತು. ಕಡತಗಳು ಅವರವರಿಗೇ ಇರಲೆಂದು ಪಾಸ್‌ವರ್ಡ್ ತಂದವರೂ ಇವರೇ. ಆ ಯಂತ್ರದ ಶಕ್ತಿ ನಿಮ್ಮ ಜೇಬಿನ ಮೊಬೈಲಿನ ಮುಂದೆ ಏನೇನೂ ಅಲ್ಲ.

ಹಾಗಾದರೆ ಬೀಗ ಎಲ್ಲಿಯದು? ಪರವಾನಗಿಯದು. ವಿಂಡೋಸ್‌ನ ಹೋಮ್ ಆವೃತ್ತಿ ಹೊರಗಿನಿಂದ ರಿಮೋಟ್ ಡೆಸ್ಕ್‌ಟಾಪ್‌ನಲ್ಲಿ ಬರುವವರನ್ನು ಬಿಟ್ಟುಕೊಳ್ಳುವುದೇ ಇಲ್ಲ. ಪ್ರೊ ಆವೃತ್ತಿಯಲ್ಲಿ ಒಂದು ಹೊತ್ತಿಗೆ ಒಬ್ಬರೇ. ಹೆಚ್ಚು ಜನ ಬೇಕೆಂದರೆ ಸರ್ವರ್ ಆವೃತ್ತಿ ಕೊಳ್ಳಿ ಎಂಬುದು ಮೈಕ್ರೋಸಾಫ್ಟ್‌ನ ವ್ಯಾಪಾರ. ಅನುಮಾನವಿದ್ದರೆ ‘ಸ್ವಿಚ್ ಯೂಸರ್’ ಒತ್ತಿ ಇನ್ನೊಂದು ಹೆಸರಿನಲ್ಲಿ ಒಳಹೋಗಿ: ಮೊದಲಿನವರ ಪ್ರೋಗ್ರಾಂಗಳು ಹಿಂದೆ ಓಡುತ್ತಲೇ ಇರುತ್ತವೆ. ಇಬ್ಬರೂ ಯಂತ್ರದೊಳಗೆ ಇದ್ದೇ ಇದ್ದಾರೆ, ಪರದೆ ಮಾತ್ರ ಒಬ್ಬರಿಗೆ!

ಈ ಬೀಗ ಒಡೆಯಲು termsrv ಕಡತ ತಿದ್ದುವುದನ್ನು ಯೂಟ್ಯೂಬ್‌ನಲ್ಲಿ ಐದು ನಿಮಿಷದ ಚಮತ್ಕಾರವೆಂಬಂತೆ ತೋರಿಸುತ್ತಾರೆ. ನನಗೆ ಅದರಲ್ಲಿ ನಂಬಿಕೆಯಿಲ್ಲ. ಪರವಾನಗಿ ಮುರಿದ ಹಾಗಾಯಿತು, ಮುಂದಿನ ಅಪ್‌ಡೇಟ್ ಬಂದಾಗ ಕೆಟ್ಟು ಕೂರುವುದೂ ಉಂಟು. ಅದಕ್ಕಿಂತ ಅಪಾಯ, ರೌಟರಿನಲ್ಲಿ ರಿಮೋಟ್ ಡೆಸ್ಕ್‌ಟಾಪ್‌ನ 3389 ಎಂಬ ಬಾಗಿಲನ್ನು ಇಂಟರ್ನೆಟ್‌ಗೆ ತೆರೆದಿಡುವುದು. 2019ರಲ್ಲಿ ಅದೇ ರಿಮೋಟ್ ಡೆಸ್ಕ್‌ಟಾಪ್‌ನ ‘ಬ್ಲೂಕೀಪ್’ ದೋಷ ಬಯಲಾದಾಗ, ಕೈಬಿಟ್ಟು ವರ್ಷಗಳಾಗಿದ್ದ ವಿಂಡೋಸ್ ಎಕ್ಸ್‌ಪಿಗೂ ಮೈಕ್ರೋಸಾಫ್ಟ್ ತೇಪೆ ಹಾಕಬೇಕಾಯಿತು.

ಲಿನಕ್ಸ್‌ನಲ್ಲಿ ಇಂಥ ಪರವಾನಗಿಯ ತಡೆಯಿಲ್ಲ. ಎಕ್ಸ್‌ಆರ್‌ಡಿಪಿ ಹಾಕಿಕೊಂಡರೆ ಒಬ್ಬೊಬ್ಬರಿಗೂ ಅವರದೇ ಪರದೆ. ಆದರೆ ನಿಮ್ಮ ಲೆಕ್ಕದ ತಂತ್ರಾಂಶ ವಿಂಡೋಸ್‌ನದೇ ಆಗಿದ್ದರೆ, ಅದರ ಬಹುಬಳಕೆದಾರ ಆವೃತ್ತಿ ಕೊಂಡು ಮಂಡಿಗೂ ಮನೆಗೂ ನಡುವೆ ವಿಪಿಎನ್ ಹಾಕಿಸಿ. ಒಂದೇ ಖಾತೆಯನ್ನು ಇಬ್ಬರು ಒಟ್ಟಿಗೆ ತಿದ್ದಹೊರಟಾಗ ಯಾರು ಕಾಯಬೇಕೆಂದು ತೀರ್ಮಾನಿಸುವುದು ಆ ತಂತ್ರಾಂಶವೇ; ಎರಡು ಪರದೆ ಸಿಕ್ಕ ಮಾತ್ರಕ್ಕೆ ಅದು ಆಗದು.