ಕಲ್ಮನೆಗೆ ಒಂದು ಬಸ್ಸು

ಇಂಕಾ ಜನರ ಪಾಳು ಪಟ್ಟಣ ನೋಡಲು ಸಮುದ್ರ ದಾಟಬೇಕು. ಅದಕ್ಕಿಂತ 900 ವರ್ಷ ಹಳೆಯ ರಾಜಧಾನಿಗೆ ಜಮಖಂಡಿ, ಮುಧೋಳ, ಬೀಳಗಿ, ರಬಕವಿ-ಬನಹಟ್ಟಿಯಿಂದ ಕೆಂಪು ಬಸ್ಸಿನಲ್ಲೇ ಹೋಗಿ ಬರಬಹುದು. ಎರಡು ದಿನ, ಮೂರು ಹೊಳೆ, ಒಬ್ಬ ಗೈಡ್: ಬಡವರಿಗೂ ಎಟಕುವ ಚಾಲುಕ್ಯ ಪ್ರವಾಸದ ಕಥನ.

ಬಾದಾಮಿಯ ಮೂರನೇ ಗುಹೆಯ ಹತ್ತಿರ ಗೈಡ್ ನಿಂತರು. ಬೆರಳನ್ನು ಕಲ್ಲಿಗೆ ತಾಗಿಸದೆ ಗಾಳಿಯಲ್ಲೇ ಆಡಿಸುತ್ತ ಒಂದೊಂದೇ ಅಕ್ಷರ ಓದಿದರು. ನಾವು ಹದಿನೆಂಟು ಜನ ಸುತ್ತ ನಿಂತಿದ್ದೆವು. ಬನಹಟ್ಟಿಯ ನೇಕಾರರ ಮನೆಯ ಹೆಣ್ಣುಮಕ್ಕಳು, ಜಮಖಂಡಿಯ ಇಬ್ಬರು ಅಕ್ಕೋರು, ಮುಧೋಳದ ಒಂದು ರೈತ ಕುಟುಂಬ, ಬೀಳಗಿಯಿಂದ ಬಂದ ನಾಲ್ವರು. ಯಾರಿಗೂ ಆ ಅಕ್ಷರ ಓದಲು ಬರುತ್ತಿರಲಿಲ್ಲ. ಆದರೆ ಗೈಡ್ ಬಾಯಿಂದ ಒಂದು ಶಬ್ದ ಬಿತ್ತು: "ಕಲ್ಮನೆ."

"ಕಲ್ಮನಿ ಅಂದ್ರ ಕಲ್ಲಿನ ಮನೀ ಏನ ತಮ್ಮಾ?" ಬನಹಟ್ಟಿಯ ಅಜ್ಜಿ ಕೇಳಿದರು.

"ಹೌದ ಯವ್ವಾ, ಅದ. ಈ ಗುಹಾಕ ಅರಸ ಮಂಗಳೇಶ ಇಟ್ಟ ಹೆಸರು ಅದು. ಈ ಕಲ್ಮನಿಗೆ ಲಂಜಿಗೇಸರ ಅನ್ನೂ ಊರು ಬಿಟ್ಟಾನ. ದೇವರಿಗೆ ಹೂವಿನ ಮಾಲಿ ಕಟ್ಟವರನ್ನೂ ಮರ್ತಿಲ್ಲ, ಇಲ್ಲೇ ಬರದಾನ."

ಅಜ್ಜಿ ಕಲ್ಲನ್ನು ಇನ್ನೊಮ್ಮೆ ನೋಡಿದರು. "ಹೂ ಕಟ್ಟವರ ಸುದ್ದೀನೂ ಕಲ್ಲಾಗ ಬರಸ್ಯಾನಲ್ಲ," ಎಂದು ತಮ್ಮಷ್ಟಕ್ಕೆ ಅಂದುಕೊಂಡರು. ಸುಮಾರು 1,400 ವರ್ಷ ಹಿಂದಿನ ಒಂದು ಮಾತು ಶಾಲೆಯ ಮೆಟ್ಟಿಲು ಹತ್ತದ ಆ ತಾಯಿಗೆ ಅರ್ಥವಾಯಿತು. ನಮ್ಮ ಎರಡು ದಿನದ ಪ್ರವಾಸ ಸಾರ್ಥಕವಾದದ್ದು ಆ ಗಳಿಗೆಯಲ್ಲಿ.

ದೂರದ ಬೆಟ್ಟ, ಹತ್ತಿರದ ಬಂಡೆ

ಪೆರು ದೇಶದ ಮಾಚು ಪಿಚುವಿನ ಚಿತ್ರ ನೋಡದವರು ಈಗ ಕಡಿಮೆ. ಮೋಡದ ನಡುವೆ ನಿಂತ ಇಂಕಾ ಅರಸರ ಆ ಕಲ್ಲಿನ ಪಟ್ಟಣ 15ನೇ ಶತಮಾನದ್ದು. 1911ರಲ್ಲಿ ಅಮೆರಿಕದ ಹಿರಾಮ್ ಬಿಂಗ್‌ಹ್ಯಾಮ್ ಅದರ ಸುದ್ದಿಯನ್ನು ಜಗತ್ತಿಗೆ ಮುಟ್ಟಿಸಿದ. 1983ರಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿತು. ಸುಣ್ಣ-ಗಾರೆ ಇಲ್ಲದೆ ಕಲ್ಲಿಗೆ ಕಲ್ಲು ಕೂಡಿಸಿದ ಅಲ್ಲಿನ ಕುಸುರಿಗೆ ಕೈಮುಗಿಯಲೇಬೇಕು. ದುಡ್ಡಿದ್ದವರು ಹೋಗಿ ನೋಡಲಿ.

ಆದರೆ ಅದೇ ವಿದ್ಯೆ ನಮ್ಮ ಜಿಲ್ಲೆಯಲ್ಲೇ ಇದೆ. ಚಾಲುಕ್ಯ ಅರಸ ಒಂದನೇ ಪುಲಕೇಶಿ ಬಾದಾಮಿಯ ಬೆಟ್ಟಕ್ಕೆ ಕೋಟೆ ಕಟ್ಟಿಸಿದ್ದನ್ನು ಅಲ್ಲಿನ ಬಂಡೆಯ ಶಾಸನವೇ ಹೇಳುತ್ತದೆ. ಅದರ ಕಾಲ ಶಕವರ್ಷ 465, ಅಂದರೆ ಕ್ರಿ.ಶ. 543. ಐಹೊಳೆ, ಪಟ್ಟದಕಲ್ಲುಗಳ ಗುಡಿಗಳಲ್ಲೂ ಗಾರೆ ಇಲ್ಲದೆ ಕಲ್ಲಿನ ಮೇಲೆ ಕಲ್ಲು ಕೂತಿದೆ. ಇನ್ನೊಂದು ಅಂತರ ನಮಗೆ ಹೆಮ್ಮೆಯದು. ಇಂಕಾ ಜನರಿಗೆ ಲಿಪಿ ಇರಲಿಲ್ಲ. ದಾರಕ್ಕೆ ಗಂಟು ಹಾಕಿ ಲೆಕ್ಕ ಇಡುತ್ತಿದ್ದರು. ನಮ್ಮ ಕಲ್ಲುಗಳು ಮಾತಾಡುತ್ತವೆ, ಅದೂ ನಮ್ಮದೇ ಭಾಷೆಯಲ್ಲಿ. ಆ ಮಾತು ಕಿವಿಗೆ ಬೀಳಬೇಕಾದರೆ ಓದಿ ಹೇಳುವ ಒಬ್ಬರು ಜೊತೆಗೆ ಬೇಕು.

ಇದನ್ನು ನಾನು ಅನುಭವದಿಂದ ಹೇಳುತ್ತಿದ್ದೇನೆ. ಎಂಟನೇ ತರಗತಿಯಲ್ಲಿದ್ದಾಗ ಶಾಲೆಯಿಂದ ಒಂದೇ ದಿನದಲ್ಲಿ ಮೂರೂ ಊರು ಸುತ್ತಿಸಿದ್ದರು. ಗೈಡ್ ಇರಲಿಲ್ಲ. ಗುಹೆಯ ಮುಂದೆ ಸಾಲಾಗಿ ನಿಂತು ಫೋಟೊ ತೆಗೆಸಿಕೊಂಡು ಬಸ್ ಹತ್ತಿದೆವು. ಕಲ್ಲು ನೋಡಿದೆವು, ಕಲ್ಲಿನ ಮಾತು ಕೇಳಲಿಲ್ಲ. ಇಷ್ಟು ವರ್ಷದ ಮೇಲೆ ಮತ್ತೆ ಹೋದಾಗ ನಾವು ಒಂದೇ ಪಟ್ಟು ಹಿಡಿದೆವು: ಊಟ ಸಾದಾ ಇರಲಿ, ವಸತಿ ಸಾದಾ ಇರಲಿ, ಗೈಡ್ ಮಾತ್ರ ಇರಲೇಬೇಕು.

ಕರಿಮಣ್ಣಿನಿಂದ ಕೆಂಪು ಕಲ್ಲಿಗೆ

ನಮ್ಮ ಭಾಗದಿಂದ ಹೊರಟವರಿಗೆ ದಾರಿಯೇ ಮೊದಲ ಪಾಠ. ಜಮಖಂಡಿ, ರಬಕವಿ-ಬನಹಟ್ಟಿ ಕೃಷ್ಣೆಯ ಸೀಮೆ; ಎರೆ ಹೊಲ, ಕಬ್ಬು. ಮುಧೋಳದಲ್ಲಿ ಘಟಪ್ರಭೆ ಸಿಗುತ್ತಾಳೆ. ಬೀಳಗಿಯವರು ಅನಗವಾಡಿಯ ಸೇತುವೆಯಲ್ಲಿ ಅದೇ ಹೊಳೆ ದಾಟಿ ಬಾಗಲಕೋಟೆಯಲ್ಲಿ ನಮ್ಮನ್ನು ಕೂಡಿಕೊಂಡರು. ಲೋಕಾಪುರ ಬಿಟ್ಟು ಕಲಾದಗಿಗೆ ಬಂದರೆ ರಸ್ತೆ ಪಕ್ಕ ಚಿಕ್ಕು, ದಾಳಿಂಬೆ. ಭೂವಿಜ್ಞಾನಿಗಳು ಈ ಸೀಮೆಯ ಪ್ರಾಚೀನ ಶಿಲಾಪದರಗಳಿಗೆ ಈ ಊರಿನ ಹೆಸರನ್ನೇ ಇಟ್ಟು 'ಕಲಾದಗಿ' ಶಿಲೆಗಳು ಎನ್ನುತ್ತಾರೆ. ಬಾದಾಮಿಯ ಮರಳುಗಲ್ಲೂ ಅದೇ ಬಳಗದ್ದು. ಬಾದಾಮಿ ಹತ್ತಿರವಾದಂತೆ ನೆಲದ ಬಣ್ಣ ಕೆಂಪಾಗುತ್ತದೆ, ಮುಂದೆ ಮಲಪ್ರಭೆ.

ಮುಧೋಳದವರಿಗೆ ಈ ದಾರಿಯಲ್ಲಿ ಇನ್ನೊಂದು ನಂಟಿದೆ. ಕವಿಚಕ್ರವರ್ತಿ ರನ್ನ ಅವರೂರಿನವನು, ಬಳೆಗಾರರ ಮನೆತನದವನು. ಅವನಿಗೆ ಆಶ್ರಯ ಕೊಟ್ಟ ಕಲ್ಯಾಣದ ಚಾಲುಕ್ಯರು ತಾವು ಬಾದಾಮಿ ಚಾಲುಕ್ಯರ ವಂಶದವರೇ ಎಂದು ಹೇಳಿಕೊಂಡವರು.

ಬೀಳಗಿಯವರ ನೋಟ ಬೇರೆ. ಆಲಮಟ್ಟಿಯ ಹಿನ್ನೀರಿಗೆ ಊರು, ಹೊಲ, ಗುಡಿ ಬಿಟ್ಟುಕೊಟ್ಟ ಸೀಮೆ ಅದು. ಪಾಳು ಗೋಡೆಯ ಮುಂದೆ ನಿಂತಾಗ ಅಲ್ಲಿಂದ ಬಂದ ಹಿರಿಯರೊಬ್ಬರು ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ, "ಊರು ಹ್ವಾದ್ರ ಏನ ಹೋಗತೈತಿ ಅನ್ನೂದು ನಮಗ ಗೊತ್ತೈತ್ರಿ," ಎಂದರು.

ಮೊದಲ ದಿನ: ಬಾದಾಮಿ

ನಾಲ್ಕು ಗುಹೆಗಳನ್ನು ಬೆಳಗಿನ ತಂಪಿನಲ್ಲೇ ಹತ್ತಬೇಕು. ಮೊದಲನೆಯದರಲ್ಲಿ ಹದಿನೆಂಟು ಕೈಗಳ ನಟರಾಜ. ಅದರ ಎದುರಿಗೆ ದ್ವಾರಪಾಲಕನ ಕೆಳಗೊಂದು ಚಿಕ್ಕ ಕೆತ್ತನೆ. ಆನೆ ಮತ್ತು ಎತ್ತು, ಎರಡಕ್ಕೂ ಒಂದೇ ತಲೆ. ಗೈಡ್ ಅಂಗೈಯಿಂದ ಒಂದು ಮೈ ಮರೆಮಾಡಿ ತೋರಿಸಿದಾಗ ಆನೆ, ಇನ್ನೊಂದು ಮರೆಮಾಡಿದಾಗ ಎತ್ತು. ಅವರು ತೋರಿಸದಿದ್ದರೆ ನಾವು ಹದಿನೆಂಟೂ ಜನ ಅದನ್ನು ದಾಟಿ ಹೋಗುತ್ತಿದ್ದೆವು.

ಎರಡನೆಯದೂ ಮೂರನೆಯದೂ ವಿಷ್ಣುವಿನವು, ನಾಲ್ಕನೆಯದು ಜೈನರದು. ಮೂರನೆಯದೇ ದೊಡ್ಡದು. ಅಲ್ಲಿನ ಸಂಸ್ಕೃತ ಶಾಸನಕ್ಕೆ ಶಕವರ್ಷ 500ರ, ಅಂದರೆ ಕ್ರಿ.ಶ. 578ರ ತೇದಿ ಇದೆ. ಕಂಬದ ಮೇಲಿನ ಬೋದಿಗೆಗಳಲ್ಲಿ ದಂಪತಿ ಶಿಲ್ಪಗಳು. ಬನಹಟ್ಟಿಯವರು ಅಲ್ಲಿ ನೋಡಿದ್ದು ಮುಖವನ್ನಲ್ಲ, ಸೊಂಟದ ಬಟ್ಟೆಯ ನೆರಿಗೆಯನ್ನು.

ಅಗಸ್ತ್ಯ ತೀರ್ಥದ ಆಚೆ ಭೂತನಾಥ ಗುಡಿಗಳಿವೆ. ಅಲ್ಲಿಂದ ತಟ್ಟುಕೋಟೆಯ ಬದಿಯ ಬಂಡೆಗೆ ಬಹಳ ಪ್ರವಾಸಿಗರು ಹೋಗುವುದಿಲ್ಲ. ಕ್ರಿ.ಶ. 700ರ ಸುಮಾರಿನ ಕಪ್ಪೆ ಅರಭಟ್ಟನ ಶಾಸನ ಅಲ್ಲಿದೆ. ಕನ್ನಡ ತ್ರಿಪದಿಯ ಅತಿ ಹಳೆಯ ರೂಪ ಸಿಕ್ಕಿರುವುದು ಆ ಬಂಡೆಯ ಮೇಲೆ. ನಮ್ಮ ಅವ್ವಂದಿರು ಬೀಸುಕಲ್ಲಿನ ಮುಂದೆ ಹಾಡಿದ್ದು ಅದೇ ಮೂರು ಸಾಲಿನ ಪದ್ಯ. ಗೈಡ್ ಇದನ್ನು ಹೇಳುತ್ತಿದ್ದಂತೆ ಅಜ್ಜಿ ಕೂತಲ್ಲೇ ಬೀಸುವ ಪದವೊಂದನ್ನು ಎತ್ತಿಕೊಂಡರು. ಬಂಡೆಯ ಪದ್ಯಕ್ಕೂ ಅವರ ದನಿಗೂ ನಡುವೆ ಸಾವಿರದ ಮುನ್ನೂರು ವರ್ಷ ಇದೆ ಎಂದು ಆಗ ಅನಿಸಲಿಲ್ಲ.

ಸಂಜೆ ಬಾದಾಮಿಯಿಂದ 5 ಕಿಲೋಮೀಟರ್ ದೂರದ ಬನಶಂಕರಿ. ಗುಡಿಯ ಮುಂದೆ ಬುಟ್ಟಿ ಇಟ್ಟುಕೊಂಡು ಕೂತ ತಾಯಂದಿರು ಕಟಕ ರೊಟ್ಟಿ, ಬದನೆಕಾಯಿ ಪಲ್ಯ, ಚಟ್ನಿ, ಗಟ್ಟಿ ಮೊಸರು ಬಡಿಸುತ್ತಾರೆ. ಇದಕ್ಕಿಂತ ಕಡಿಮೆ ಬೆಲೆಯಲ್ಲಿ ಇದಕ್ಕಿಂತ ಹೊಟ್ಟೆ ತುಂಬುವ ಊಟ ಯಾವ ಹೋಟೆಲ್ಲಿನಲ್ಲೂ ಸಿಗದು.

ಎರಡನೇ ದಿನ: ಪಟ್ಟದಕಲ್ಲು, ಐಹೊಳೆ

ಬಾದಾಮಿಯಿಂದ 22 ಕಿಲೋಮೀಟರ್ ದೂರಕ್ಕೆ ಪಟ್ಟದಕಲ್ಲು. ಹಳೆಯ ಹೆಸರು ಕಿಸುವೊಳಲು, ಅಂದರೆ ಕೆಂಪು ಪಟ್ಟಣ. ಇಲ್ಲಿ ಮಲಪ್ರಭೆ ಉತ್ತರಕ್ಕೆ ಹರಿಯುತ್ತಾಳೆ. 1987ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಈ ತಾಣದಲ್ಲಿ ಉತ್ತರ ಶೈಲಿಯ ಶಿಖರಗಳೂ ದಕ್ಷಿಣ ಶೈಲಿಯ ವಿಮಾನಗಳೂ ಒಂದೇ ಅಂಗಳದಲ್ಲಿ ನಿಂತಿವೆ.

ದೊಡ್ಡದು ವಿರೂಪಾಕ್ಷ. ಎರಡನೇ ವಿಕ್ರಮಾದಿತ್ಯ ಕಂಚಿಯನ್ನು ಗೆದ್ದ ನೆನಪಿಗೆ ರಾಣಿ ಲೋಕಮಹಾದೇವಿ ಕಟ್ಟಿಸಿದ ಗುಡಿ. ಅವನಿಗಿಂತ ಸುಮಾರು ನೂರು ವರ್ಷ ಮೊದಲು, 642ರಲ್ಲಿ, ಕಂಚಿಯ ಪಲ್ಲವ ನರಸಿಂಹವರ್ಮ ಬಾದಾಮಿಯನ್ನು ಹಿಡಿದು ಅಲ್ಲಿನ ಬಂಡೆಯ ಮೇಲೆ ತನ್ನ ಶಾಸನ ಕೆತ್ತಿಸಿದ್ದ. ವಿಕ್ರಮಾದಿತ್ಯನ ಸರದಿ ಬಂದಾಗ ಆತ ಕಂಚಿಯ ಕೈಲಾಸನಾಥ ಗುಡಿಯನ್ನು ಲೂಟಿ ಮಾಡಲಿಲ್ಲ. ದೇವರ ಸಂಪತ್ತನ್ನು ದೇವರಿಗೇ ಬಿಟ್ಟು, ಅದನ್ನು ಕನ್ನಡದಲ್ಲಿ ಬರೆಸಿ ಬಂದ. ಆ ಕನ್ನಡ ಶಾಸನ ಇಂದಿಗೂ ಕಂಚಿಯಲ್ಲಿದೆ.

ಗುಡಿ ಕಟ್ಟಿದ ಸೂತ್ರಧಾರಿಯ ಹೆಸರೂ ಕಲ್ಲಿನಲ್ಲಿದೆ: ಅನಿವಾರಿತಾಚಾರಿ ಗುಂಡ. ಅವನಿಗೆ ಅರಸ 'ತ್ರಿಭುವನಾಚಾರಿ' ಎಂಬ ಬಿರುದು ಕೊಟ್ಟು ಪಟ್ಟ ಕಟ್ಟಿದ. ದುಡಿದವನ ಹೆಸರು ಉಳಿಯುವುದು ಅಪರೂಪ ಎಂಬುದು ನೇಕಾರರಿಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಇಲ್ಲಿ ಉಳಿದಿದೆ.

ವಿರೂಪಾಕ್ಷದ ಗೋಡೆಯಲ್ಲಿ ಗಾಳಿ-ಬೆಳಕಿಗೆಂದು ಕೊರೆದ ಜಾಲಂಧ್ರಗಳಿವೆ. ಒಂದರಂತೆ ಒಂದಿಲ್ಲ. ಒಂದರ ಮುಂದೆ ನಮ್ಮ ಗುಂಪಿನ ಸೊಸೆಯೊಬ್ಬಳು ನಿಂತುಬಿಟ್ಟಳು. ಅಡ್ಡ ಎಳೆ, ಉದ್ದ ಎಳೆ ಬೆರಳಿನಲ್ಲಿ ಎಣಿಸಿದಳು. "ಅತ್ತಿ, ನೋಡ್ರಿಲ್ಲೆ. ಹಾಸು ಹೊಕ್ಕು ಹೆಂಗ ಬಿಟ್ಟಾರ. ಇದನ್ನ ಅಂಚಿನಾಗ ತಗೀಬಹುದ್ರಿ." ಅತ್ತೆ ಕಣ್ಣು ಕಿರಿದು ಮಾಡಿ ನೋಡಿದರು: "ನೂಲಿನಾಗ ತಪ್ಪಿದ್ರ ಬಿಚ್ಚಬಹುದು ತಂಗೀ. ಕಲ್ಲಿನಾಗ ತಪ್ಪಿದ್ರ ಹೆಂಗ?" ಗೈಡ್ ನಕ್ಕು ಪಕ್ಕಕ್ಕೆ ಸರಿದು ನಿಂತರು. ಆ ಹೊತ್ತಿಗೆ ಅವರೇ ಕೇಳುಗರು.

ಅಲ್ಲಿಂದ ಸುಮಾರು 13 ಕಿಲೋಮೀಟರ್ ಐಹೊಳೆ. ನೂರಕ್ಕೂ ಹೆಚ್ಚು ಗುಡಿಗಳ ಊರು. ದುರ್ಗದ ಗುಡಿಗೆ ಆ ಹೆಸರು ಬಂದದ್ದು ದೇವಿಯಿಂದಲ್ಲ, ಪಕ್ಕದ ಕೋಟೆಯಿಂದ. ಆನೆಯ ಹಿಂಭಾಗದಂತೆ ದುಂಡಾದ ಬೆನ್ನು ಅದರದ್ದು. ಲಾಡಖಾನ್ ಗುಡಿಯ ಮೇಲ್ಛಾವಣಿ ನೋಡಿ: ಚಪ್ಪಡಿಗಳ ಸಂದಿ ಮುಚ್ಚಲು ಮರದ ದಿಮ್ಮಿಯಂತೆ ಕಡೆದ ಕಲ್ಲಿನ ಪಟ್ಟಿಗಳು. ಮರದ ಮನೆ ಕಟ್ಟುತ್ತಿದ್ದ ಕೈ ಕಲ್ಲಿಗೆ ಹೊರಳಿದ ಗುರುತು ಅದು. ಮೇಗುಟಿ ಬೆಟ್ಟದ ಜೈನ ಬಸದಿಯಲ್ಲಿ ಕವಿ ರವಿಕೀರ್ತಿಯ 634ರ ಶಾಸನವಿದೆ. ಇಮ್ಮಡಿ ಪುಲಕೇಶಿ ಹರ್ಷನನ್ನು ಸೋಲಿಸಿದ ವರ್ಣನೆ, ಕಾಳಿದಾಸ, ಭಾರವಿಯರ ಹೆಸರು, ಎಲ್ಲವೂ ಅದರಲ್ಲಿ.

ಐಹೊಳೆ ವ್ಯಾಪಾರಿಗಳ ಊರೂ ಹೌದು. 'ಅಯ್ಯಾವೊಳೆ ಐನೂರ್ವರು' ಎಂಬ ವರ್ತಕರ ಸಂಘ ದಕ್ಷಿಣ ಭಾರತದ ಉದ್ದಕ್ಕೂ, ಸಮುದ್ರದಾಚೆಗೂ ವ್ಯಾಪಾರ ನಡೆಸಿತು. ಇಂದು ಸೀರೆ ಗಂಟು ಕಟ್ಟಿ ಪೇಟೆಗೆ ಕಳಿಸುವ ರಬಕವಿಯವರಿಗೆ ಅವರು ಅಪರಿಚಿತರಲ್ಲ.

ಗೈಡ್ ಎಂಬ ಓದುಗ

ನಮ್ಮ ಗೈಡ್ ಬಾದಾಮಿಯಲ್ಲೇ ಹುಟ್ಟಿ ಬೆಳೆದವರು. ಬಿಡುವಿನಲ್ಲಿ ಅವರು ಹೇಳಿದ ಒಂದು ಮಾತು ಮನಸ್ಸಿನಲ್ಲಿ ಉಳಿಯಿತು: "ಪರದೇಶದವರು ಬಸ್ ಇಳದ ಕೂಡಲೇ ಗೈಡ್ ಕೇಳ್ತಾರ್ರಿ. ನಮ್ಮವರು ಮಾತ್ರ, ನಮ್ಮೂರ ಕಲ್ಲಿಗೆ ಗೈಡ್ ಯಾಕ ಅಂತಾರ."

ನಮ್ಮೂರ ಕಲ್ಲು ಎಂಬ ಕಾರಣಕ್ಕೇ ಗೈಡ್ ಬೇಕು. ಹದಿನೆಂಟು ಜನ ಹಂಚಿಕೊಂಡಾಗ ಅವರ ಸಂಭಾವನೆ ಯಾರಿಗೂ ಭಾರವಾಗಲಿಲ್ಲ. ಆ ದುಡ್ಡು ಊರಲ್ಲೇ ಉಳಿಯುತ್ತದೆ, ಆ ಓದು ಇನ್ನೊಂದು ತಲೆಮಾರಿಗೆ ದಾಟುತ್ತದೆ. 2019ರ ಆಗಸ್ಟ್‌ನಲ್ಲಿ ಮಲಪ್ರಭೆಯ ನೆರೆ ಪಟ್ಟದಕಲ್ಲಿನ ಗುಡಿಗಳೊಳಗೆ ನುಗ್ಗಿತ್ತು. ನೀರು ಇಳಿಯಿತು, ಗುಡಿಗಳು ಉಳಿದವು. ಓದುವವರು ಇಲ್ಲವಾದರೆ ಮಾತ್ರ ಅವು ಮೂಕವಾಗುತ್ತವೆ.

ಹೊರಡುವ ಮುನ್ನ

*ಬಸ್ಸು:* 2023ರ ಜೂನ್ 11ರಿಂದ ಜಾರಿಯಲ್ಲಿರುವ ಶಕ್ತಿ ಯೋಜನೆಯಂತೆ ಸಾರಿಗೆ ಸಂಸ್ಥೆಯ ಸಾಮಾನ್ಯ ಬಸ್ಸುಗಳಲ್ಲಿ ರಾಜ್ಯದ ಹೆಣ್ಣುಮಕ್ಕಳಿಗೆ ಟಿಕೆಟ್ ಇಲ್ಲ. ಗುರುತಿನ ಚೀಟಿ ಮರೆಯಬೇಡಿ. ಎರಡನೇ ದಿನಕ್ಕೆ ಬಾದಾಮಿಯಲ್ಲಿ ಕ್ರೂಸರ್ ಗೊತ್ತು ಮಾಡಿ ಹಂಚಿಕೊಂಡರೆ ಹೊತ್ತು ಉಳಿಯುತ್ತದೆ.

*ಟಿಕೆಟ್:* ಪುರಾತತ್ವ ಇಲಾಖೆಯ 2018ರ ದರದಂತೆ ಪಟ್ಟದಕಲ್ಲಿಗೆ 40 ರೂಪಾಯಿ, ಬಾದಾಮಿ ಗುಹೆಗೆ 25, ಐಹೊಳೆಯ ದುರ್ಗದ ಗುಡಿ ಆವರಣಕ್ಕೆ 25. ಮೂರೂ ಸೇರಿ 90. ಹದಿನೈದರ ಒಳಗಿನ ಮಕ್ಕಳಿಗೆ ಉಚಿತ. ವಸ್ತುಸಂಗ್ರಹಾಲಯಗಳಿಗೆ ಶುಕ್ರವಾರ ರಜೆ.

*ಗೈಡ್:* ಪ್ರವಾಸೋದ್ಯಮ ಇಲಾಖೆಯ ಗುರುತಿನ ಚೀಟಿ ಇದ್ದವರನ್ನೇ ಕೇಳಿ. ದರವನ್ನು ಮೊದಲೇ ಮಾತಾಡಿ. ಶಾಸನ ಓದಿ ತೋರಿಸಿ ಎಂದು ಒತ್ತಾಯ ಮಾಡಿ.

*ಕಾಲ:* ನವೆಂಬರಿನಿಂದ ಫೆಬ್ರವರಿ. ಗುಹೆಗಳ ಹತ್ತಿರ ಮಂಗಗಳ ಕಾಟ ಇದೆ, ತಿನಿಸು ಕೈಯಲ್ಲಿ ಹಿಡಿಯಬೇಡಿ. ಬರುವಾಗ ಅಮೀನಗಡದ ದಾರಿ ಹಿಡಿದರೆ ಮನೆಗೆ ಕರದಂಟು.

ಕಡೆಯದಾಗಿ ಒಂದು ಮಾತು. ಕಲ್ಲನ್ನು ಮುಟ್ಟಬೇಡಿ, ಹೆಸರು ಕೊರೆಯಬೇಡಿ. ಬರುವ ದೀಪಾವಳಿ ರಜೆಗೆ ಮಕ್ಕಳನ್ನೂ, ಮನೆಯ ಅಜ್ಜ-ಅಜ್ಜಿಯನ್ನೂ ಕರೆದುಕೊಂಡು ಹೊರಡಿ. ಮೂರನೇ ಗುಹೆಯ ಹತ್ತಿರ ಐದು ನಿಮಿಷ ನಿಂತು, ಗೈಡ್‌ಗೆ ಕೇಳಿ 'ಕಲ್ಮನೆ' ಎಂಬ ಶಬ್ದವನ್ನು ಮಕ್ಕಳ ಬಾಯಿಂದಲೇ ಓದಿಸಿ.